ಹೆಸರಿನ ಜಾಗ

ಬಲಿಪೂಜೆಯ ನಟ್ಟನಡುವೆ ಒಂದು ಸಾಲು ಬರುತ್ತದೆ,
ಜಗದ್ಗುರುಗಳ ಹೆಸರು, ಅದರ ಬೆನ್ನಿಗೇ
ನಮ್ಮ ಧರ್ಮಾಧ್ಯಕ್ಷರ ಹೆಸರು.
ನಾನು ಏಳನೇ ಕ್ಲಾಸಿನಲ್ಲಿದ್ದ ವರ್ಷ
ಎರಡನೆಯ ಹೆಸರು ಇರಲಿಲ್ಲ.
ಸ್ವಾಮಿಗಳು ಅಲ್ಲಿಗೆ ಬಂದು
ಹಲಗೆ ಕಳಚಿದ ಸೇತುವೆ ದಾಟುವವರ ಹಾಗೆ
ಒಂದು ಉಸಿರು ನಿಂತು
ಆಚೆಗೆ ಹಾರುತ್ತಿದ್ದರು.

ಆ ಉಸಿರಿನಷ್ಟು ಜಾಗದಲ್ಲಿ
ಹಿಂದಿನ ಬೆಂಚಿನಿಂದ ಉಪದೇಶಿ ಇನ್ನಾಸಪ್ಪ
ಒಂದು ಹೆಸರು ಕೂಗುತ್ತಿದ್ದ.
ಸತ್ತವರದು.
ಒಂದು ಭಾನುವಾರ, ಮೊನ್ನೆ ಮಣ್ಣಾದವರದು.
ಇನ್ನೊಂದು ಭಾನುವಾರ, ಅವರಿಗೂ ಹಿಂದಿನ,
ಜಟಕಾದಲ್ಲಿ ಬಂದಿಳಿಯುತ್ತಿದ್ದ ಫ್ರೆಂಚ್ ಗಡ್ಡದವರದು;
'ಳ' ನಾಲಗೆಗೆ ಒಗ್ಗದೆ
ನಾಳೆ ಬನ್ನಿ ಎನ್ನಲು ನಾಲೆ ಬನ್ನಿ ಎಂದು
ಊರಿಗೆ ಊರನ್ನೇ ನೀರಿಗಿಳಿಸಿದವರದು.

ನಾವು ಹುಡುಗರು ಕಿಸಕ್ಕನೆ ನಕ್ಕೆವು.
ನನ್ನ ಕೈ ಅಲುಗಿ
ಹೊತ್ತಲ್ಲದ ಹೊತ್ತಿನಲ್ಲಿ ಗಂಟೆಯೂ ನಕ್ಕಿತು.

ಸ್ವಾಮಿಗಳು ಗದರಲಿಲ್ಲ. ಸಂಜೆ ಕರೆದು ಕೇಳಿದರು,
ಯಾಕೆ ಇನ್ನಾಸಪ್ಪ?
'ಜಾಗ ಖಾಲಿ ಬುಡಬಾರ್ದು ಸ್ವಾಮಿ.
ಗದ್ದೇಲಿ ಒಂದ್ ತೂಬು ಮುಚ್ಚದೆ ಬುಟ್ರೆ
ಬೆಳಗಾಗೋದ್ರಲ್ಲಿ ನೀರೆಲ್ಲ ಪಕ್ಕದೋನ್ದು.'

ಹುಣಸೆಮರದ ಬುಡದಲ್ಲಿ ನಮಗವನು ಕಲಿಸಿದ್ದು ಒಂದೇ ಪಟ್ಟಿ,
ರಾಯಪ್ಪರು, ಲೀನುಸರು,
ಕ್ಲೇತುಸರು, ಕ್ಲೆಮೆಂತರು.
ಓದಿ ಕಲಿತದ್ದಲ್ಲ.
ಅವನ ಅವ್ವ ಜ್ಞಾನಮ್ಮ ಭತ್ತ ಕುಟ್ಟುತ್ತ
ಒನಕೆಗೊಬ್ಬರಂತೆ ಕೊಟ್ಟದ್ದು;
ಅದಕ್ಕೇ ಪ್ರತಿ ಹೆಸರಿನ ಕೊನೆಗೆ
ಅವನ ಎದೆಯಿಂದ ಒಂದು 'ಹ್ಞುಂ' ಬೀಳುತ್ತಿತ್ತು.
ಆ ಹ್ಞುಂಕಾರವನ್ನೂ ಕೂಡಿಸಿಯೇ ನಾವು ಬಾಯಿಪಾಠ ಮಾಡಿದೆವು.
ಜ್ಞಾನಮ್ಮನ ಹೆಸರು ಪಟ್ಟಿಯಲ್ಲಿಲ್ಲ.

ರೋಮು ಎಲ್ಲಿದೆ ತಾತ?
'ಮದ್ದೂರು ದಾಟಿ ಬೋ ದೂರ.'
ಲೀನುಸರು ಏನು ಮಾಡಿದರು?
ತಲೆ ಕೆರೆದುಕೊಂಡ. ಬದುವಿನಾಚೆ ನೋಡಿದ.
ಅಲ್ಲಿ ಆಳುಗಳು ಜಲ್ಲೆ ತುಂಡರಿಸಿ
ಗೆಣ್ಣಿನ ಕಣ್ಣು ಮೇಲಾಗುವಂತೆ ಕೆಸರಿಗೆ ಒತ್ತುತ್ತಿದ್ದರು.
ಕಬ್ಬಿಗೆ ಇಲ್ಲಿ ಯಾರೂ ಬೀಜ ಚೆಲ್ಲುವುದಿಲ್ಲ,
ಹೋದ ಸಲದ ಕಬ್ಬಿನ ಮೈಯೇ ಈ ಸಲದ ಕಬ್ಬು.
'ಗೊತ್ತಿಲ್ಲ ಮಗ,' ಎಂದ.
'ಇಸ್ಕಂಡ್ರು. ಕೊಟ್ರು.'

ಇನ್ನಾಸಿಯರು ಇಬ್ಬರು; ಇವನ ಹೆಸರು ಮೊದಲಿನವರದು,
ಅಂತಿಯೋಕ್ಯದ ಮುದುಕನದು.
ಹತ್ತು ಸಿಪಾಯಿಗಳ ನಡುವೆ, ಸರಪಳಿಯಲ್ಲಿ,
ಮೃಗದ ಬಾಯಿಗೆಂದು ನಡೆದುಹೋದವರು.
ದಾರಿಯಲ್ಲಿ ತಂಗಿದ ಕಡೆಯೆಲ್ಲ ಕಾಗದ ಬರೆದರು.
ಒಂದರಲ್ಲಿ, ತಾನು ಬಿಟ್ಟುಬಂದ ಮಂದೆಗೆ
ಇನ್ನು ದೇವರೇ ಕುರುಬ ಎಂದರಂತೆ.

ಸ್ವಾಮಿಗಳ ಬಾಯಿಂದ ಅದನ್ನು ಕೇಳಿ ಓಡಿ ಬಂದೆ.
ನೋಡು ತಾತ, ನಿನ್ನ ಸಂತರೇ ಬರೆದವ್ರೆ,
ಜಾಗ ಖಾಲಿ ಇದ್ರೂ ದೇವ್ರು ಕಾಯ್ತಾನೆ!
ಇನ್ನಾಸಪ್ಪ ಬಹಳ ಹೊತ್ತು ಎಲೆಗೆ ಸುಣ್ಣ ಸವರಿದ.
'ಕಾಯ್ತಾನೆ, ಇಲ್ಲ ಅಂದೋರ್ಯಾರು?
ಸಂಜೆ ಕುರಿ ಎಣ್ಸಕ್ಕೆ ಒಬ್ಬ ಬೇಕಲ್ಲಪ್ಪ.'

ಕಟಾವು ಮುಗಿಯುವ ಹೊತ್ತಿಗೆ ಮೈಸೂರಿನಿಂದ ಸುದ್ದಿ ಬಂತು.
ಆ ಭಾನುವಾರ ಸ್ವಾಮಿಗಳು ನಿಲ್ಲಲಿಲ್ಲ,
ಹೊಸ ಹೆಸರಿನ ಮೇಲೆ ಕಾಲಿಟ್ಟು ದಾಟಿದರು.
ಇನ್ನಾಸಪ್ಪ ಕಿವಿಗೆ ಕೈ ಹಿಡಿದು
ಮಗಳನ್ನು ಕೇಳಿದ, ಯಾರಂತವ್ವ?
ಎರಡು ಸಲ ಹೇಳಿಸಿಕೊಂಡ.
ಆಮೇಲೆ ಪೂಜೆ ಮುಗಿಯುವವರೆಗೆ
ಹಲ್ಲಿಲ್ಲದ ದವಡೆಯಲ್ಲಿ ಆ ಹೆಸರನ್ನು
ಕಲ್ಲುಸಕ್ಕರೆಯಂತೆ ಆಚೆಯಿಂದ ಈಚೆಗೆ ಹೊರಳಿಸುತ್ತ ಕೂತ.

ದೃಢೀಕರಣಕ್ಕೆ ಅವರೇ ಬಂದರು.
ತಗಡಿನ ಚಪ್ಪರ, ಬಾಡಿಗೆ ಕುರ್ಚಿಗೆ ಕೆಂಪು ಬಟ್ಟೆ.
ಸಾಲಿನಲ್ಲಿ ಒಂಬತ್ತನೆಯವನು ನಾನು.
ನನ್ನ ತಲೆಯ ಮೇಲೆ ಕೈ ಬಂತು,
ಆ ಕೈಯವರ ತಲೆಯ ಮೇಲೆ ಯಾರದೋ ಕೈ,
ಆ ಯಾರದೋ ತಲೆಯ ಮೇಲೆ...
ಎಣಿಸುತ್ತ ಹೋದೆ, ಲೆಕ್ಕ ತಪ್ಪಿತು.
ತುದಿಯಲ್ಲಿ ಬಲೆ ಎಳೆದ ಒಂದು ಒದ್ದೆ ಅಂಗೈ ಇರಬೇಕು
ಎಂದು ಮೀನಿನ ವಾಸನೆಗೆ ಮೂಗರಳಿಸಿದೆ.
ಸ್ಯಾಂಡಲ್ ಸೋಪು.

ಹೊರಗೆ ಇನ್ನಾಸಪ್ಪ ಕಾದಿದ್ದ,
ಹಣೆಯ ಎಣ್ಣೆ ಒರೆಸಬೇಡ ಎಂದು ಗದರಿ ಕೇಳಿದ,
'ಕೈ ಭಾರ ಇತ್ತಾ?'
ಇತ್ತು ತಾತ.
'ಹ್ಞುಂ,' ಎಂದ.